ಅರ ಹಾಕಿದ ಅಂಚು

‘ಹೆದರಬೇಡ, ಕೈ ಕೊಯ್ಯಲ್ಲ. ಮುಟ್ಟಿ ನೋಡು,’ ಎಂದು ಕತ್ತರಿಸಿದ ಬೀಗವನ್ನು ಅವಳ ಅಂಗೈಯಲ್ಲಿಟ್ಟೆ.

ಅವಳು ಹೆದರುವ ಪೈಕಿಯೇ ಅಲ್ಲ. ಬೀಗದ ಕಂಬಿ ತುಂಡಾದ ಕಡೆ ಹೆಬ್ಬೆರಳನ್ನು ಒಮ್ಮೆ ಉದ್ದಕ್ಕೆ, ಒಮ್ಮೆ ಅಡ್ಡಕ್ಕೆ ಎಳೆದಳು. ಬೆರಳು ಅಲ್ಲೇ ನಿಂತಿತು. ಆಮೇಲೆ ಬೀಗವನ್ನು ನನಗೇ ವಾಪಸ್ ಕೊಟ್ಟಳು.

‘ಚೆನ್ನಾಗಿದೆ,’ ಎಂದಳು.

‘ಏನು ಚೆನ್ನಾಗಿದೆ?’

‘ಕೆಲಸ.’

ತನ್ನನ್ನು ಲಾಕಪ್ಪಿಗೆ ತಳ್ಳಲಿರುವ ಸಾಕ್ಷ್ಯವನ್ನು ಕೈಯಲ್ಲಿ ಹಿಡಿದು, ಅದರ ಕೆಲಸವನ್ನು ಮೆಚ್ಚಿಕೊಳ್ಳುವ ಆರೋಪಿಯನ್ನು ನನ್ನ ಮೂವತ್ತೊಂದು ವರ್ಷದ ಸರ್ವೀಸಿನಲ್ಲಿ ನಾನು ನೋಡಿರಲಿಲ್ಲ. ನನ್ನ ರೈಟರ್ ಕೂಡ ಬರೆಯುವುದನ್ನು ನಿಲ್ಲಿಸಿ ಕನ್ನಡಕದ ಮೇಲಿಂದ ಅವಳನ್ನು ನೋಡಿದ.

ಈ ಮನೆಯ ಕಥೆಗೆ ಹೊಸಬರಾದವರಿಗೆ ಒಂದೇ ಮಾತು: ಬೀಗ ಮಾಡುವ ಮನೆಯ ಯಜಮಾನರು ತೀರಿಕೊಂಡು ನಾಲ್ಕು ತಿಂಗಳಾಗಿದೆ, ಅವರ ಪೆಟ್ಟಿಗೆಯ ಬೀಗ ಕತ್ತರಿಸಿ ಒಳಗಿದ್ದ ಉಯಿಲನ್ನು ತಂಗಿ ಕದ್ದಳೆಂದು ಅಣ್ಣ ನಮ್ಮ ಠಾಣೆಯಲ್ಲಿ ದೂರು ಕೊಟ್ಟಿದ್ದಾನೆ.

ಸಂಜೆ ಐದರೊಳಗೆ ಅವಳನ್ನು ಬಂಧಿಸಿ ತರಬೇಕೆಂದು ಮೇಲಿನ ಸಾಹೇಬರ ಆದೇಶ. ಗಂಟೆ ಆಗಲೇ ಮೂರೂವರೆ ದಾಟಿತ್ತು.

‘ನೋಡಿ ಮೇಡಂ, ನಾನೇನು ಕಟುಕ ಅಲ್ಲ,’ ಎಂದ ಅಣ್ಣ. ಇಸ್ತ್ರಿ ಮಾಡಿದ ಬಿಳಿ ಅಂಗಿ, ಕೈಯಲ್ಲಿ ಪ್ಲಾಸ್ಟಿಕ್ ಫೈಲು. ಬೀಗ ಮಾರುವ ಶೋರೂಮು ನೋಡಿಕೊಳ್ಳುವವನು ಅವನು, ಬೀಗ ಮಾಡುವ ಈ ಕಾರ್ಖಾನೆಯಲ್ಲಿ ದುಡಿಯುವವಳು ತಂಗಿ. ‘ಹಕ್ಕು ಬಿಡುಗಡೆ ಪತ್ರ ರೆಡಿ ಇದೆ. ಒಂದು ಸಹಿ ಹಾಕ್ಲಿ, ದೂರು ಇವತ್ತೇ ವಾಪಸ್. ಒಡಹುಟ್ಟಿದವಳನ್ನ ಪೊಲೀಸ್ ವ್ಯಾನು ಹತ್ತಿಸೋಕೆ ನಂಗೇನು ಆಸೆನಾ?’

‘ವ್ಯಾನು ಹತ್ತುತೀನಿ, ಸಹಿ ಹಾಕಲ್ಲ,’ ಎಂದಳು ತಂಗಿ. ಸೊಂಟಕ್ಕೆ ಕಟ್ಟಿದ್ದ ಚರ್ಮದ ಏಪ್ರನ್ನನ್ನೂ ಅವಳು ಬಿಚ್ಚಿರಲಿಲ್ಲ.

ಈ ಆಟ ನನಗೆ ಹೊಸದಲ್ಲ. ಹುಟ್ಟುತ್ತಾ ಅಣ್ಣತಮ್ಮಂದಿರು, ಬೆಳೆಯುತ್ತಾ ದಾಯಾದಿಗಳು ಎಂದು ಹಿರಿಯರು ಹೇಳಿದರು. ಅಕ್ಕತಂಗಿಯರನ್ನು ಅದರಲ್ಲಿ ಸೇರಿಸಲು ಮರೆತರು, ಅಷ್ಟೇ. ಆಸ್ತಿಯ ಜಗಳವನ್ನು ಸಿವಿಲ್ ಕೋರ್ಟಿಗೆ ಒಯ್ದರೆ ತೀರ್ಪು ಬರುವಷ್ಟರಲ್ಲಿ ತಲೆ ನರೆಯುತ್ತದೆ. ಅದಕ್ಕೆ ಜನ ಒಂದು ಅಡ್ಡದಾರಿ ಕಂಡುಕೊಂಡಿದ್ದಾರೆ. ಕಳ್ಳತನ, ಫೋರ್ಜರಿ, ಕೊಲೆ ಬೆದರಿಕೆ, ಯಾವುದಾದರೂ ಒಂದು ಕ್ರಿಮಿನಲ್ ದೂರು ಜಡಿ. ಪೊಲೀಸರು ಬಾಗಿಲು ತಟ್ಟಲಿ. ಎದುರಿನವರು ಹೆದರಿ ಸಹಿ ಹಾಕಲಿ. ಲಾಠಿ ನಮ್ಮದು, ಲಾಭ ಅವರದು.

ನನ್ನ ಲಾಠಿಯನ್ನು ಯಾರೂ ಬಾಡಿಗೆಗೆ ಪಡೆಯಲಾರರು. ಠಾಣೆಯವರು ಬೆನ್ನ ಹಿಂದೆ ನನ್ನನ್ನು ಭೂತಗನ್ನಡಿ ಎನ್ನುತ್ತಾರೆ, ನನಗೆ ಗೊತ್ತಿಲ್ಲ ಎಂದುಕೊಂಡಿದ್ದಾರೆ. ಗೊತ್ತಿದೆ, ಒಳಗೊಳಗೇ ಖುಷಿಯೂ ಇದೆ.

‘ಎಲ್ಲರೂ ಸ್ವಲ್ಪ ಇಲ್ಲಿ ಬನ್ನಿ,’ ಎಂದೆ.

ಕಾರ್ಖಾನೆ ಎಂದರೆ ಉದ್ದನೆಯ ಒಂದೇ ಕೋಣೆ. ಕಿಟಕಿಯ ಕೆಳಗೆ ಗೋಡೆಯಿಂದ ಗೋಡೆಯವರೆಗೆ ಮರದ ಕೆಲಸದ ಮೇಜು. ಅದರ ಅಂಚಿಗೆ ಲೋಹವನ್ನು ಬಿಗಿ ಹಿಡಿಯುವ ನಾಲ್ಕು ವೈಸುಗಳು. ಗೋಡೆಯ ಮೇಲೆ ಗಾತ್ರಕ್ಕೆ ತಕ್ಕಂತೆ ಸಾಲಾಗಿ ತೂಗುಹಾಕಿದ, ಲೋಹ ಉಜ್ಜುವ ಅರಗಳು, ದೊಡ್ಡದು ಮೊಣಕೈ ಉದ್ದ, ಚಿಕ್ಕದು ಕಿರುಬೆರಳಿನಷ್ಟು. ಮೂಲೆಯಲ್ಲಿ ಕುಲುಮೆ. ಎಲ್ಲಿ ಕಾಲಿಟ್ಟರೂ ಅಂಗಾಲಿಗೆ ಸಣ್ಣಗೆ ಕಬ್ಬಿಣದ ಪುಡಿ. ಹೊರಗಿನ ಬೋರ್ಡಿನಲ್ಲಿ ಯಜಮಾನರ ಹೆಸರು, ಅದರ ಮುಂದೆ ‘ಮತ್ತು ಮಗ’.

ಕಿಟಕಿಯ ಪಕ್ಕದ ಸ್ಟೂಲಿನ ಮೇಲೆ ಅಣ್ಣತಂಗಿಯರ ಅಮ್ಮ ಕುಳಿತಿದ್ದರು. ಎಪ್ಪತ್ತರ ಹತ್ತಿರದ ಸಣ್ಣ ಜೀವ. ಮೂರು ದಿನದಿಂದ ಅವರು ಅಲ್ಲೇ ಕುಳಿತಿದ್ದಾರೆ, ಮೂರು ದಿನದಿಂದ ನಾವು ಯಾರೂ ಅವರನ್ನು ಏನೂ ಕೇಳಿಲ್ಲ. ಗಂಡ ಸತ್ತ ಮುದುಕಿ, ಮಕ್ಕಳ ಜಗಳ ನೋಡಿ ನೊಂದಿದ್ದಾರೆ ಎಂದು ನಾನು ಕನಿಕರಪಟ್ಟು ಸುಮ್ಮನಾಗಿದ್ದೆ.

ಪೆಟ್ಟಿಗೆ ಒಳಮೂಲೆಯಲ್ಲಿತ್ತು. ದಪ್ಪ ಮರ, ಮುಂದುಗಡೆ ಚಿಲಕ. ಕತ್ತರಿಸಿದ ಬೀಗವನ್ನು ಚಿಲಕಕ್ಕೆ ಮೊದಲಿದ್ದ ಹಾಗೆಯೇ ಸಿಕ್ಕಿಸಿದೆ.

‘ಕಂಬಿ ಎಲ್ಲಿ ತುಂಡಾಗಿದೆ?’

ಅಣ್ಣ ಬಗ್ಗಿ ನೋಡಿದ. ‘ಹಿಂದುಗಡೆ. ಮರದ ಕಡೆಗೆ.’

‘ಮರಕ್ಕೂ ಕಂಬಿಗೂ ನಡುವೆ ಎಷ್ಟು ಜಾಗ ಇದೆ? ಬೆರಳು ತೂರಿಸಿ.’

ತೂರಿಸಲು ಹೋದ. ಉಗುರು ಮಾತ್ರ ಹೋಯಿತು.

‘ಉಗುರು ಹೋಗೋ ಜಾಗದಲ್ಲಿ ಗರಗಸ ಹೇಗೆ ಆಡ್ತು?’

‘ಬೀಗ ತಿರುಗಿಸಿಕೊಂಡು ಕತ್ತರಿಸಿರ್ತಾಳೆ.’

‘ತಿರುಗಿಸಿ.’

ಅವನು ತಿರುಗಿಸಲು ನೋಡಿದ. ಚಿಲಕದ ಎರಡೂ ಬದಿಗೆ ಹೊಡೆದಿದ್ದ ಕಬ್ಬಿಣದ ಪಟ್ಟಿಗೆ ಬೀಗದ ಮೈ ತಗುಲಿ ನಿಂತಿತು. ತಂಗಿ ಹಿಂದಿನಿಂದ ಹೇಳಿದಳು, ‘ಅದು ತಿರುಗಲ್ಲ ಅಣ್ಣ. ತಿರುಗಬಾರದು ಅಂತಾನೇ ಅಪ್ಪ ಆ ಪಟ್ಟಿ ಹೊಡೆದದ್ದು.’ ಅವಳ ಸ್ವರದಲ್ಲಿ ಅಪ್ಪನ ಬಗೆಗಿನ ಹೆಮ್ಮೆ ಒಂದು ಹಿಡಿ ಜಾಸ್ತಿಯೇ ಇತ್ತು.

‘ಅಂದಮೇಲೆ,’ ಎಂದೆ ನಾನು, ‘ಬೀಗವನ್ನು ಮೊದಲು ತೆಗೆದಿದ್ದಾರೆ. ತೆಗೆದು, ಮೇಜಿಗೆ ತಂದು, ವೈಸಿಗೆ ಹಾಕಿ, ಆರಾಮಾಗಿ ಕತ್ತರಿಸಿದ್ದಾರೆ. ತೆಗೆದ ಬೀಗವನ್ನು ಯಾಕೆ ಕತ್ತರಿಸ್ತಾರೆ? ಬೀಗದ ಕೈ ಇಲ್ಲದವರು ಯಾರೋ ಮಾಡಿದ್ದು ಅಂತ ನಮಗೆ ಕಾಣ್ಲಿ ಅಂತ. ಅಂದ್ರೆ ಮಾಡಿದವರಿಗೆ ಬೀಗದ ಕೈ ಸಿಗುತ್ತಿತ್ತು.’

ಅಣ್ಣನ ಫೈಲು ಒಂದು ಕೈಯಿಂದ ಇನ್ನೊಂದು ಕೈಗೆ ಹೋಯಿತು.

‘ಇನ್ನೂ ಇದೆ,’ ಎಂದೆ. ನಿಜ ಹೇಳಬೇಕೆಂದರೆ ಈ ಮಾತಿಗಾಗಿ ಬೆಳಗಿನಿಂದ ನನ್ನ ನಾಲಿಗೆ ತುರಿಸುತ್ತಿತ್ತು. ‘ಗರಗಸದಲ್ಲಿ ಕಬ್ಬಿಣ ಕತ್ತರಿಸಿದರೆ ಅಂಚು ಮುಳ್ಳುಮುಳ್ಳಾಗಿ ನಿಲ್ಲುತ್ತೆ, ಕೈ ಕೊಯ್ಯುತ್ತೆ. ಇದು ಕೊಯ್ಯಲ್ಲ. ಎರಡೂ ತುದಿಗೆ ಅರ ಹಾಕಿ ನುಣುಪು ಮಾಡಿದ್ದಾರೆ. ಕಳ್ಳ ಕತ್ತರಿಸ್ತಾನೆ, ಓಡ್ತಾನೆ. ಕತ್ತರಿಸಿ, ಕೂತು ಅರ ಹಾಕಿ, ಬೆರಳಾಡಿಸಿ ನೋಡಿ, ಸಮಾಧಾನ ಆದಮೇಲೆ ಓಡೋ ಕಳ್ಳನ್ನ ಯಾರಾದರೂ ಕಂಡಿದ್ದೀರಾ?’

ಬೀಗವನ್ನು ಚಿಲಕದಿಂದ ಬಿಡಿಸಿ ಕೈಗೆ ತೆಗೆದುಕೊಂಡೆ.

‘ನಿಮ್ಮಪ್ಪನ ಕಟ್ಟಳೆ ಏನಿತ್ತು?’ ಎಂದು ತಂಗಿಯನ್ನು ಕೇಳಿದೆ.

‘ಈ ಬಾಗಿಲು ದಾಟೋ ಯಾವ ಲೋಹದ ಚೂರೂ ಇನ್ನೊಬ್ಬರ ಕೈ ಕೊಯ್ಯಬಾರದು. ಗುಜರಿಗೆ ಹಾಕೋ ತುಂಡಾದರೂ ಸರಿ, ಅಂಚಿಗೆ ಅರ ಹಾಕಿಯೇ ಎಸೀಬೇಕು,’ ಎಂದಳು. ‘ಮಾತು ಕಲಿಯೋಕೆ ಮುಂಚೆ ನಾವು ಅದನ್ನ ಕಲ್ತಿದ್ದೀವಿ.’

‘ಅಂದ್ರೆ ಇದು ಈ ಮನೆಯವರ ಕೈ. ಬೇಕು ಅಂತ ಮಾಡಿದ್ದಲ್ಲ. ತಲೆ ಬೇಡ ಅಂದರೂ ಕೈ ಮಾಡಿಬಿಟ್ಟಿದೆ.’

‘ಅದನ್ನೇ ಅಲ್ವಾ ನಾನೂ ಹೇಳ್ತಿರೋದು?’ ಅಣ್ಣ ಹಗುರಾದ. ‘ಈ ಮನೆಯವಳು ಅಂದ್ರೆ ಇವಳೇ.’

‘ಇವಳಲ್ಲ. ಇವಳಿಗೆ ಬೀಗದ ಕೈ ಬೇಕಾಗಿಲ್ಲ. ನಿನ್ನೆ ಹೇಳಿಕೆಯಲ್ಲಿ ಬರೆಸಿದ್ದಾಳೆ. ರೈಟರ್, ಓದಿ.’

ರೈಟರ್ ಪುಟ ತಿರುವಿ, ಕೋರ್ಟಿನಲ್ಲಿ ಓದುವ ಗತ್ತಿನಲ್ಲಿ ಓದಿದ. ‘ಆ ಬೀಗ ನನಗೆ ಎರಡು ನಿಮಿಷದ ಕೆಲಸ. ಒಂದು ತಂತಿ ಸಾಕು. ಕತ್ತರಿಸೋದು ಕೈಲಾಗದವರು ಮಾಡೋ ಕೆಲಸ. ನಾನು ಅಪ್ಪನ ಬೀಗ ಕತ್ತರಿಸಿದೆ ಅಂತ ಹೇಳಿ ನನ್ನ ಮರ್ಯಾದೆ ತೆಗೀಬೇಡಿ.’

‘ಕೇಳಿದ್ರಾ? ಕಳ್ಳತನ ಮಾಡಿದೆ ಅಂದದ್ದಕ್ಕಲ್ಲ, ಕತ್ತರಿಸಿದೆ ಅಂದದ್ದಕ್ಕೆ ಅವಳಿಗೆ ಸಿಟ್ಟು.’ ನಾನು ಅಣ್ಣನ ಕಡೆ ತಿರುಗಿದೆ. ‘ಬೀಗದ ಕೈ ಇದ್ದದ್ದು ನಿಮ್ಮಮ್ಮನ ಹತ್ತಿರ. ಅಮ್ಮ ಇರೋದು ನಿಮ್ಮ ಮನೆಯಲ್ಲಿ. ತಂಗಿ ಇರೋದು ಎರಡು ಬೀದಿ ಆಚೆ ಬಾಡಿಗೆ ಕೋಣೆಯಲ್ಲಿ. ಅಮ್ಮ ಮಲಗಿದಾಗ ಬೀಗದ ಕೈ ಎತ್ತಿಕೊಳ್ಳೋದು ಯಾರಿಗೆ ಸುಲಭ? ಮಂಗಳವಾರ ಮಧ್ಯಾಹ್ನ ಕಾರ್ಖಾನೆ ರಜ. ನೀವು ಬಂದ್ರಿ, ಬೀಗ ತೆಗೆದ್ರಿ, ಕತ್ತರಿಸಿದ್ರಿ. ಚಿಕ್ಕವರಿದ್ದಾಗ ಅಪ್ಪ ಕಲಿಸಿದ್ದನ್ನ ಕೈ ಮರೀಲಿಲ್ಲ, ಅರ ಹಾಕಿಬಿಟ್ಟಿತು.’

ಹೇಳಿ ಮುಗಿಸಿ ನೆಟ್ಟಗೆ ನಿಂತೆ. ಸುಳ್ಳು ದೂರು ಕೊಟ್ಟವನನ್ನು ಅವನದೇ ಮನೆಯವರ ಎದುರು ಹಿಡಿದು ನಿಲ್ಲಿಸುವುದರಲ್ಲಿ ಒಂದು ಸುಖವಿದೆ. ಪಿಂಚಣಿ ಬಂದಮೇಲೆ ಅದೊಂದು ಸಿಗುವುದಿಲ್ಲವಲ್ಲ ಎಂಬ ಕೊರಗು ನನಗೀಗಲೇ ಇದೆ.

‘ನಾನಾ? ಅರಾನಾ?’ ಎಂದ ಅಣ್ಣ. ಕೆಂಡಾಮಂಡಲ ಆಗುತ್ತಾನೆಂದು ಕಾದಿದ್ದೆ. ಅವನು ಬೀಗವನ್ನು ನನ್ನ ಕೈಯಿಂದ ತೆಗೆದುಕೊಂಡು ಬೆಳಕಿಗೆ ಹಿಡಿದ. ಕೋಪ ಬರುವುದಕ್ಕೆ ಮೊದಲು ಅವನ ಮುಖದಲ್ಲಿ ಒಂದು ಗಳಿಗೆ ಬೇರೇನೋ ಸುಳಿಯಿತು. ಯಾರೋ ಹೊಗಳಿದಾಗ ಆಗುವಂಥದ್ದು. ‘ಅರ ಬಿಟ್ಟು ಹದಿನೈದು ವರ್ಷ ಆಯ್ತು ಮೇಡಂ. ಇಷ್ಟು ಚೆನ್ನಾಗಿ…’

‘ಇಡೋ ಅದನ್ನ ಕೆಳಗೆ!’

ಕಿಟಕಿಯ ಕಡೆಯಿಂದ ಬಂದ ಆ ಧ್ವನಿಗೆ ರೈಟರ್‌ನ ಪೆನ್ನು ಜಾರಿತು. ಅಮ್ಮ ಎದ್ದು ನಿಂತಿದ್ದರು.

‘ಇನ್ಸ್‌ಪೆಕ್ಟರಮ್ಮ, ನೀವು ದೊಡ್ಡ ಓದು ಓದಿದವರು. ಬೀಗ ಮೊದಲು ತೆಗೆದಿದ್ದಾರೆ ಅಂದ್ರಿ, ಒಪ್ಪಿದೆ. ವೈಸಿಗೆ ಹಾಕಿದ್ದಾರೆ ಅಂದ್ರಿ, ಅದೂ ಒಪ್ಪಿದೆ. ಆದರೆ ಆ ಅಂಚು ಇವನ ಕೈಯದು ಅಂತೀರಲ್ಲ, ಅದನ್ನ ಮಾತ್ರ ಕೇಳಿಕೊಂಡು ಕೂರೋಕೆ ನನ್ನ ಕೈಲಾಗಲ್ಲ. ಇವನಿಗೆ ಅಷ್ಟು ನುಣುಪಾಗಿ ಅರ ಹಾಕೋಕೆ ಬಂದಿದ್ದರೆ ಇವನಪ್ಪ ಇವನನ್ನ ಯಾಕೆ ಶೋರೂಮಿಗೆ ಕಳಿಸ್ತಿದ್ರು?’

ಅವರು ಮೇಜಿನ ಹತ್ತಿರ ಬಂದು ಬೀಗ ಕೈಗೆತ್ತಿಕೊಂಡರು. ಎರಡು ಬೆರಳಿನ ನಡುವೆ ತುಂಡಾದ ತುದಿ ತಿರುಗಿತು.

‘ಅದು ನನ್ನ ಕೆಲಸ,’ ಎಂದರು.

ಬೀಗವನ್ನು ನನ್ನೆದುರು ಮೇಜಿನ ಮೇಲಿಟ್ಟರು.

‘ಮೂವತ್ತೆರಡು ವರ್ಷ ಈ ಮನೆಯಿಂದ ಹೋದ ಒಂದೊಂದು ಬೀಗಕ್ಕೂ ಅರ ಹಾಕಿದವಳು ನಾನು. ಬೀಗ ಯೋಚನೆ ಮಾಡ್ತಿದ್ದದ್ದು ಅವರು, ಮೈ ತೀಡುತ್ತಿದ್ದದ್ದು ನಾನು. ಗಿರಾಕಿಗಳು ಸವರಿ ನೋಡಿ, ಏನು ನುಣುಪು ಯಜಮಾನ್ರೇ ಅಂತ ಅವರನ್ನ ಹೊಗಳೋರು. ಅವರೂ ನಗ್ತಾ ನಿಲ್ಲೋರು. ನಾನು ಒಳಗಡೆ ಕೇಳಿಸ್ಕೊಂಡು ಇನ್ನೊಂದು ಬೀಗ ಎತ್ತಿಕೊಳ್ತಿದ್ದೆ. ಗಂಡ ತಾನೇ ಅಂತ ಸುಮ್ಮನಿದ್ದೆ. ಈಗ ಇವನ ಹೆಸರಿಗೂ ಬರೆದು ಕೊಟ್ಟುಬಿಡ್ತೀರಾ?’

ನನಗೆ ನಾಚಿಕೆಯಾಯಿತು. ಭೂತಗನ್ನಡಿ ಮೂರು ದಿನ ಬೀಗದ ಅಂಚು ನೋಡಿತು, ಸ್ಟೂಲಿನ ಮೇಲೆ ಕುಳಿತವರ ಕೈ ನೋಡಲಿಲ್ಲ. ಬಲಗೈ ಹೆಬ್ಬೆರಳಿನ ಬುಡದಲ್ಲಿ ಅರದ ಹಿಡಿ ಕೂತು ಕೂತು ಎದ್ದ ಗಟ್ಟಿ ಗಂಟು, ನಾಲ್ಕು ಮಾರು ದೂರದಿಂದಲೂ ಕಾಣುವಂತಿತ್ತು. ತಂಗಿಯ ಹೆಬ್ಬೆರಳು ಬೀಗದ ಮೇಲೆ ಯಾಕೆ ನಿಂತಿತೆಂದು ಈಗ ನನಗೆ ತಿಳಿಯಿತು. ಅವಳು ಮುಟ್ಟಿದ ಕೂಡಲೇ ಅಮ್ಮನ ಕೈಯನ್ನು ಗುರುತು ಹಿಡಿದಿದ್ದಳು, ವ್ಯಾನು ಹತ್ತಲು ತಯಾರಾದಳೇ ಹೊರತು ಬಾಯಿ ಬಿಡಲಿಲ್ಲ.

‘ಅಮ್ಮಾ, ಉಯಿಲು ಎಲ್ಲಿದೆ?’ ಎಂದೆ, ಆದಷ್ಟು ಮೆತ್ತಗೆ.

‘ನನಗೆ ಗೊತ್ತಿದ್ದರೆ ನಿಮ್ಮನ್ನ ಯಾಕೆ ಕರೆಸ್ತಿದ್ದೆ?’

‘ಕರೆಸಿದ್ದು ನಿಮ್ಮ ಮಗ.’

‘ದೂರು ಬರೆದದ್ದು ಅವನು. ಕರೆಸಿದ್ದು ನಾನು.’ ಅವರು ಸ್ಟೂಲನ್ನು ಎಳೆದುಕೊಂಡು ನನ್ನೆದುರು ಕುಳಿತರು. ‘ಸಹಿ ಹಾಕು ಸಹಿ ಹಾಕು ಅಂತ ಇವನು ಅವಳ ಜೀವ ತಿಂತಿದ್ದ. ಅಪ್ಪ ಏನು ಬರೆದಿಟ್ಟಿದ್ದಾರೋ ನೋಡೇಬಿಡೋಣ ಅಂತ ಹೋದ ಭಾನುವಾರ ಪೆಟ್ಟಿಗೆ ತೆಗೆದೆ. ಬೀಗ ಹಾಗೇ ಇತ್ತು, ಒಂದು ಗೀರು ಇಲ್ಲ. ಒಳಗೆ ಪತ್ರ ಇರಲಿಲ್ಲ. ಯಾರೋ ತೆಗೆದು, ಪತ್ರ ಎತ್ತಿಕೊಂಡು, ವಾಪಸ್ ಬೀಗ ಹಾಕಿ ಹೋಗಿದ್ದಾರೆ. ಎರಡು ದಿನ ಯೋಚನೆ ಮಾಡಿದೆ. ಬೀಗ ಸರಿಯಾಗಿದ್ದರೆ ಕಳ್ಳತನ ಆಗಿದೆ ಅಂತ ಯಾರು ನಂಬ್ತಾರೆ? ಮುದುಕಿಗೆ ಅರಳುಮರಳು ಅಂತಾರೆ. ಅದಕ್ಕೇ ಕತ್ತರಿಸಿದೆ. ಪೊಲೀಸರು ಬರಲಿ, ಹುಡುಕಲಿ ಅಂತ. ಇವನು ಬಂದು ಅದನ್ನೇ ಅವಳ ಕೊರಳಿಗೆ ಸುತ್ತುತಾನೆ ಅಂತ ನನಗೇನು ಗೊತ್ತು?’

‘ಅಮ್ಮಾ!’ ಎಂದ ಅಣ್ಣ.

‘ಸುಮ್ಮನಿರು.’

ರೈಟರ್ ಭರದಿಂದ ಬರೆಯುತ್ತಿದ್ದ. ನಾನು ಕೇಳಲೇಬೇಕಾದ ಪ್ರಶ್ನೆ ಒಂದು ಉಳಿದಿತ್ತು, ಕೇಳಿದೆ. ‘ಬೀಗದ ಕೈ ನಿಮ್ಮ ಹತ್ತಿರಾನೇ ಇತ್ತಾ?’

‘ಅವರು ಹೋದ ದಿನದಿಂದ ನನ್ನ ಸೊಂಟ ಬಿಟ್ಟಿಲ್ಲ. ಮಲಗಿದಾಗಲೂ ಇರುತ್ತೆ.’

‘ಹಾಗಾದರೆ ಬೀಗದ ಕೈ ಇಲ್ಲದೆ ತೆಗೆದಿದ್ದಾರೆ. ಹೊರಗಿನ ಯಾರಾದರೂ ಕೆಲಸಗಾರನನ್ನ ಕರೆತಂದು…’

‘ಹೊರಗಿನವರಾ?’ ಅಮ್ಮ ತಲೆಯೆತ್ತಿದರು. ಗಂಡನನ್ನು ಆಗತಾನೇ ದೂರಿದ ಬಾಯಿಯೇ ಈಗ ಅವರ ಕೆಲಸವನ್ನು ಬಿಟ್ಟುಕೊಡಲಿಲ್ಲ. ‘ಆ ಬೀಗ ಅವರು ಆರು ತಿಂಗಳು ಕೂತು ಮಾಡಿದ್ದು. ಎಂತೆಂಥ ಬೀಗದವರು ಬಂದು ಪಂದ್ಯ ಕಟ್ಟಿ ಸೋತು ಹೋಗಿದ್ದಾರೆ, ಕೇಳಿ ಬೇಕಾದರೆ. ಬೀಗದ ಕೈ ಇಲ್ಲದೆ ಅದನ್ನ ಬಿಚ್ಚೋ ಕೈ ಈ ಊರಲ್ಲೇ ಇಲ್ಲ. ಅವರು ಕಲಿಸಿದ್ದು ಒಬ್ಬಳಿಗೆ…’

ಮಾತು ಅಲ್ಲಿಗೇ ನಿಂತಿತು. ಆ ಬೀಗ ಎರಡು ನಿಮಿಷದ ಕೆಲಸ ಎಂದು ಆ ಒಬ್ಬಳೇ ನಿನ್ನೆ ಬರೆಸಿದ್ದಳು. ಗಂಡನ ಬೀಗವನ್ನು ಹೊಗಳಲು ಹೋಗಿ ಮಗಳನ್ನು ನನ್ನ ಕೈಗೆ ಕೊಟ್ಟಿದ್ದರು.

‘ಪರವಾಗಿಲ್ಲಮ್ಮ,’ ಎಂದಳು ತಂಗಿ. ಏಪ್ರನ್ನಿನ ಗಂಟು ಬಿಚ್ಚಿ, ಮಡಚಿ ಮೇಜಿನ ಮೇಲಿಟ್ಟಳು. ‘ಮೇಡಂ, ನಾನೇ ಬಿಚ್ಚಿದೆ. ಅಪ್ಪ ಹೋದ ಮಾರನೇ ವಾರ.’

‘ನೋಡಿದ್ರಾ!’ ಅಣ್ಣ ಎಗರಿ ನಿಂತ. ‘ನಾನು ಬಡ್ಕೊಂಡೆ ಬಡ್ಕೊಂಡೆ, ಕೇಳಿದ್ರಾ? ನನ್ನ ಹೆಸರಿಗೆ ಬರೆದ ಪತ್ರ ಕಂಡು ಹೊಟ್ಟೆ ಉರಿದು…’

‘ನಿನ್ನ ಹೆಸರು ಅದರಲ್ಲಿ ಒಂದು ಸಲ ಇತ್ತು ಅಣ್ಣ. ನಿನಗೆ ಏನೂ ಇಲ್ಲ ಅನ್ನೋ ಸಾಲಿನಲ್ಲಿ.’

ಅಣ್ಣನ ಕೈ ಗಾಳಿಯಲ್ಲೇ ಉಳಿಯಿತು.

‘ಎರಡು ಹಾಳೆ. ಅಪ್ಪನ ಅಕ್ಷರ. ಈ ಕಾರ್ಖಾನೆ, ಯಂತ್ರ, ಮನೆ, ಶೋರೂಮು, ಎಲ್ಲ ನನ್ನ ಹೆಸರಿಗೆ. ಅರ್ಧ ಗಂಟೆ ಇಲ್ಲೇ ನೆಲದ ಮೇಲೆ ಕೂತು ಓದಿದೆ. ನನಗೆ ಹೆಮ್ಮೆ ಆಯ್ತು ಮೇಡಂ, ಸುಳ್ಳು ಯಾಕೆ ಹೇಳಲಿ. ಬೋರ್ಡಿನ ಮೇಲೆ ಒಂದು ದಿನವೂ ನನ್ನನ್ನ ಬರೆಯದ ಅಪ್ಪ ಕೊನೆಗೆ ಬರೆದರಲ್ಲ ಅಂತ. ಆಮೇಲೆ ಇನ್ನೊಂದು ಸಲ ಓದಿದೆ. ಮತ್ತೊಂದು ಸಲ ಓದಿದೆ. ಅಮ್ಮನ ಹೆಸರು ಹುಡುಕಿದೆ.’

ಅವಳು ಅಮ್ಮನ ಕಡೆ ನೋಡಲಿಲ್ಲ.

‘ಇರಲಿಲ್ಲ. ಇರೋಕೆ ಒಂದು ಮೂಲೆ ಕೊಡಿ ಅಂತ ಇರಲಿಲ್ಲ. ಅವಳೂ ದುಡಿದಳು ಅಂತ ಒಂದು ಮಾತು ಇರಲಿಲ್ಲ. ಮೂವತ್ತೆರಡು ವರ್ಷ. ಅಮ್ಮ ಅದನ್ನ ಯಾವತ್ತೂ ಓದಬಾರದು ಅನ್ನಿಸ್ತು. ಕುಲುಮೆ ಹೊತ್ತಿಸಿ ಎರಡೂ ಹಾಳೆ ಹಾಕಿದೆ. ಪತ್ರ ಇಲ್ಲದಿದ್ದರೆ ಎಲ್ಲರಿಗೂ ಸಮಪಾಲು ಬರುತ್ತೆ, ಅಮ್ಮನಿಗೂ ಬರುತ್ತೆ. ನನ್ನ ಪಾಲು ನನಗೆ ಸಾಕು. ಅದಕ್ಕಿಂತ ಒಂದು ಚೂರು ಕಮ್ಮಿಗೆ ಸಹಿ ಹಾಕಲ್ಲ, ಜಾಸ್ತಿಗೂ ಕೈ ಚಾಚಲ್ಲ.’

ರೈಟರ್‌ನ ಪೆನ್ನು ನಿಂತಿತ್ತು.

‘ಯಾಕೆ ಸಾರ್ ನಿಲ್ಲಿಸಿದ್ರಿ? ಬರೀರಿ,’ ಎಂದಳು.

ಉಯಿಲು ಸುಡುವುದು ಸಣ್ಣ ತಪ್ಪಲ್ಲ. ವರ್ಷಗಟ್ಟಲೆ ಒಳಗಿರಬೇಕಾಗುತ್ತದೆ. ಸುಳ್ಳೆಂದು ನಾನು ಎದೆ ತಟ್ಟಿ ಹೇಳಿದ್ದ ದೂರು ನನ್ನ ಕಣ್ಣೆದುರೇ ಮುಕ್ಕಾಲು ಪಾಲು ನಿಜವಾಗಿತ್ತು. ಆದರೂ ಆ ಗಳಿಗೆಯಲ್ಲಿ ಆ ಹುಡುಗಿಯನ್ನು ಹೆತ್ತವಳು ನಾನಾಗಿದ್ದರೆ ಎಂದು ಅನ್ನಿಸಿತು. ಮರೆಮಾಚುವುದಿಲ್ಲ.

ಮೊದಲು ಚೇತರಿಸಿಕೊಂಡವನು ಅಣ್ಣ.

‘ಮೇಡಂ, ನಾನು… ನಾನು ದೂರು ವಾಪಸ್ ತಗೋತೀನಿ. ಮನೆ ಮಾತು. ಮನೆಯಲ್ಲೇ ಮುಗೀಲಿ.’

ಪತ್ರ ಸಿಕ್ಕಿದ್ದರೆ ಅವನು ಬೀದಿಪಾಲು, ಸುಟ್ಟದ್ದರಿಂದ ಅವನಿಗೊಂದು ಪಾಲು. ಲೆಕ್ಕ ಅವನಿಗೆ ಬೇಗ ಹೊಳೆಯುತ್ತದೆ. ಆದರೆ ಅವನು ತಂಗಿಯ ಮುಖ ನೋಡುತ್ತಿದ್ದ ರೀತಿಯಲ್ಲಿ ಲೆಕ್ಕಕ್ಕಿಂತ ಬೇರೆಯದೂ ಇತ್ತು. ಇರಲಿ, ಯಾಕಾದರೇನು. ದೂರುದಾರನೇ ಇಲ್ಲ, ಪತ್ರವಿಲ್ಲ, ಬೀಗ ಕತ್ತರಿಸಿದವರು ಮನೆಯ ಒಡತಿ. ಐದು ಗಂಟೆಗೆ ನಾನು ಬರಿಗೈಯಲ್ಲಿ ಠಾಣೆಗೆ ಹೋಗಿ ಸಾಹೇಬರ ಎದುರು ತಲೆಯೆತ್ತಿ ನಿಲ್ಲಬಹುದಿತ್ತು.

‘ರೈಟರ್, ದೂರು ಹಿಂದಕ್ಕೆ ತಗೊಂಡಿದ್ದಾರೆ ಅಂತ ಬರೀರಿ,’ ಎಂದೆ. ಎದೆಯ ಮೇಲಿನ ಕಲ್ಲು ಇಳಿದಂತಾಯಿತು.

‘ಬರೀಬೇಡಿ,’ ಎಂದರು ಅಮ್ಮ.

ಅವರ ಕಣ್ಣು ಒದ್ದೆಯಾಗಿತ್ತು, ಧ್ವನಿ ಮಾತ್ರ ಗಟ್ಟಿಯಾಗಿತ್ತು. ಸೊಂಟದಿಂದ ಬೀಗದ ಕೈ ಬಿಚ್ಚಿ ಮೇಜಿನ ಮೇಲೆ ಮಗಳ ಎದುರಿಗೆ ಇಟ್ಟರು.

‘ನನಗೆ ನೋವಾಗುತ್ತೆ ಅಂತ ಸುಟ್ಟೆಯಾ?’

‘ಅಮ್ಮಾ…’

‘ಅವರು ನನ್ನ ಬಗ್ಗೆ ಏನು ಬರೆದರು, ಏನು ಬರೀಲಿಲ್ಲ, ಅದನ್ನ ಓದಬೇಕಾದವಳು ನಾನು. ಓದಿ ಅಳಬೇಕೋ, ಉಗೀಬೇಕೋ, ಅದೂ ನಂದು. ಅವರು ಬದುಕಿರೋವರೆಗೂ ನನ್ನ ಕೆಲಸಾನ ತಮ್ಮದು ಅಂದ್ರು. ನೀನು ನನ್ನ ನೋವನ್ನೂ ನನ್ನ ಕೈಗೆ ಕೊಡದೆ ಸುಟ್ಟೆ. ಇನ್ನೆಷ್ಟು ಜನ ನನ್ನ ಪರವಾಗಿ ಯೋಚನೆ ಮಾಡ್ತೀರಿ ಕಣೇ?’

ಮಗಳು ಒಂದು ಹೆಜ್ಜೆ ಹಿಂದೆ ಸರಿದಳು. ಮೂರು ದಿನದಲ್ಲಿ ಅವಳು ಹೆದರಿದ್ದನ್ನು ನಾನು ನೋಡಿದ್ದು ಆಗಲೇ.

ಅಮ್ಮ ನನ್ನ ಕಡೆ ತಿರುಗಿದರು.

‘ಇನ್ಸ್‌ಪೆಕ್ಟರಮ್ಮ, ಇನ್ನೂ ಐದು ಗಂಟೆ ಆಗಿಲ್ಲ ಅಲ್ವಾ? ಹೊಸ ಹಾಳೆ ತೆಗೀರಿ. ನನ್ನ ಗಂಡನ ಉಯಿಲು ಸುಟ್ಟವಳ ಮೇಲೆ ದೂರು. ಕೊಡ್ತಿರೋಳು ನಾನು.’